‘ಬೃಹತ್ಪಥ’ ಎಂಬ ಇಲ್ಲದ ದಾರಿ: ದುರ್ವಿನೀತನ ವಡ್ಡಕಥೆಯ ಬೆನ್ನು ಹತ್ತಿ

ಒಂದು ಪುಸ್ತಕ ಕಳೆದುಹೋಗೋದಕ್ಕೆ ಹಲವು ದಾರಿಗಳಿವೆ. ಗೆದ್ದಲು ತಿನ್ನಬಹುದು, ಬೆಂಕಿ ಬೀಳಬಹುದು, ನೀರಿಗೆ ಹೋಗಬಹುದು, ಪ್ರತಿ ಮಾಡುವವರೇ ಇಲ್ಲದೆ ಹೋಗಬಹುದು. ಇದೆಲ್ಲ ನಮಗೆ ಗೊತ್ತಿರೋದೇ. ಆದರೆ ಒಂದು ಪುಸ್ತಕದ ಹೆಸರು ಒಂದೇ ಒಂದು ಅಕ್ಷರದ ದೆಸೆಯಿಂದ ರಸ್ತೆಯಾಗಿ ಬದಲಾಗಿ, ಆ ಪುಸ್ತಕ ಇತ್ತು ಅನ್ನೋ ಸುದ್ದಿಯೂ ಸಾವಿರಕ್ಕೂ ಹೆಚ್ಚು ವರ್ಷ ಮರೆಯಾಗಿ ಉಳಿದದ್ದು ಅಪರೂಪ. ಗಂಗ ಅರಸ ದುರ್ವಿನೀತನ ವಿಷಯದಲ್ಲಿ ಆದದ್ದು ಇದೇ. ‘ಕಥೆ’ ಅಂತ ಇರಬೇಕಾದ ಜಾಗದಲ್ಲಿ ‘ಪಥ’ ಅಂತ ಬಂತು. ಕಥೆ ಹೋಗಿ ದಾರಿ ಉಳಿಯಿತು. ಆ ದಾರಿಯಲ್ಲಿ ನಡೆದ ವಿದ್ವಾಂಸರು ಬೇರೆಯೇ ಊರಿಗೆ ಹೋಗಿ ತಲುಪಿದರು.

ಇವತ್ತಿನ ಬರಹ ಆ ಒಂದು ಪದದ ಬಗ್ಗೆ. ಶಾಸನ ಓದುವ ಅಭ್ಯಾಸ ಇರೋರಿಗೆ ಇದರಲ್ಲಿ ಕೆಲವು ಸಂಗತಿ ಪರಿಚಿತ ಇರಬಹುದು. ಆದರೆ ಇದನ್ನ ಮೊದಲಿಂದ ಕೊನೆವರೆಗೆ ಒಂದೇ ಎಳೆಯಲ್ಲಿ ನೋಡಿದರೆ, ಒಂದು ಪಾಠಭೇದ ಎಷ್ಟು ದೂರ ಹೋಗಿ ಮುಟ್ಟುತ್ತೆ ಅನ್ನೋದು ಸ್ಪಷ್ಟವಾಗುತ್ತೆ.

ವಂಶಾವಳಿಯಲ್ಲಿ ಪುಸ್ತಕಗಳ ಪಟ್ಟಿ

ಮೊದಲು ಗಂಗರ ತಾಮ್ರಪಟಗಳ ರಚನೆ ನೋಡೋಣ. ತಲಕಾಡಿನ ಗಂಗರ ಪಟಗಳನ್ನ ನಾಲ್ಕೈದು ಓದಿದವರಿಗೆ ಒಂದು ವಿಷಯ ಗೊತ್ತಾಗುತ್ತೆ: ವಂಶಾವಳಿಯ ಭಾಗ ಹೆಚ್ಚುಕಡಿಮೆ ಒಂದೇ ಅಚ್ಚಿನದು. ಕೊಂಗುಣಿವರ್ಮನಿಂದ ಶುರುವಾಗಿ ಪ್ರತಿ ಅರಸನಿಗೂ ಅವನದೇ ಆದ ಒಂದು ವಿಶೇಷಣಗಳ ಕಟ್ಟು ಇರುತ್ತೆ. ಮುಂದಿನ ಅರಸ ಬಂದಾಗ ಹಳೆಯ ಕಟ್ಟನ್ನ ಹಾಗೇ ಇಟ್ಟು, ಹೊಸ ಅರಸನದನ್ನ ಕೊನೆಗೆ ಸೇರಿಸ್ತಾರೆ. ನಮ್ಮ ಕಡೆ ಹಳೆಯ ಟೆಂಡರ್ ಕಡತದ ಷರತ್ತುಗಳನ್ನೇ ಹೊಸ ಟೆಂಡರಿಗೆ ಎತ್ತಿ ಹಾಕ್ತೀವಲ್ಲ, ಹಾಗೆ. ಅನುಕೂಲವೂ ಅದೇ, ಅಪಾಯವೂ ಅದೇ. ಒಮ್ಮೆ ನುಸುಳಿದ ತಪ್ಪು ತಲೆಮಾರುಗಟ್ಟಲೆ ಸಾಗುತ್ತೆ.

ಈ ವಿಶೇಷಣಗಳಲ್ಲಿ ಯುದ್ಧ, ದಾನ, ಧರ್ಮ ಎಲ್ಲ ಇರುತ್ತೆ. ಗಂಗರಲ್ಲಿ ವಿಶೇಷ ಅಂದ್ರೆ ಪುಸ್ತಕಗಳೂ ಇರುತ್ತವೆ. ಕೊಂಗುಣಿವರ್ಮನ ಮಗ ಮಾಧವನಿಗೆ ದತ್ತಕಸೂತ್ರಕ್ಕೆ ವೃತ್ತಿ ಬರೆದವನು ಅನ್ನೋ ವಿಶೇಷಣ ಇದೆ. ಮುಂದೆ ಶ್ರೀಪುರುಷನಿಗೆ ಗಜಶಾಸ್ತ್ರದ ಕೀರ್ತಿ, ಅವನ ಮಗ ಶಿವಮಾರನಿಗೆ ಗಜಾಷ್ಟಕದ ಕೀರ್ತಿ ಸೇರಿಕೊಂಡಿತು. ಶಿವಮಾರನ ಗಜಾಷ್ಟಕ ಓವನಿಗೆಯಾಗಿ, ಒನಕೆವಾಡಾಗಿ ಜನರ ಬಾಯಲ್ಲಿ ಓಡಾಡ್ತಿತ್ತು ಅಂತ 11ನೆಯ ಶತಮಾನದ ಹುಂಚದ ಶಾಸನ ಹೇಳುತ್ತೆ. ಆನೆಗಳನ್ನ ಪಳಗಿಸುವ ನಾಡಿನ ಅರಸರು ಆನೆಯ ಬಗ್ಗೆ ಬರೆದರು. ಕುಟ್ಟುವ ಹೆಂಗಸರು ಅದನ್ನ ಹಾಡಿದರು. ಇವುಗಳಲ್ಲಿ ಹೆಚ್ಚಿನವು ನಮ್ಮ ಕೈಗೆ ಬಂದಿಲ್ಲ. ಗಂಗ ಅರಸರ ಗ್ರಂಥಾಲಯ ಅನ್ನೋದು ನಮ್ಮ ಪಾಲಿಗೆ ಬಹುಮಟ್ಟಿಗೆ ಶಾಸನದ ವಿಶೇಷಣಗಳಲ್ಲಿ ಉಳಿದ ಗ್ರಂಥಾಲಯ.

ಅವಿನೀತನ ಮಗ ದುರ್ವಿನೀತ. ಸಾಮಾನ್ಯವಾಗಿ 6ನೆಯ ಶತಮಾನದವನು ಅಂತ ಎಣಿಸ್ತಾರೆ. ಆಳ್ವಿಕೆಯ ನಿಖರ ವರ್ಷಗಳ ಬಗ್ಗೆ ಒಮ್ಮತ ಇಲ್ಲ. ಅವನ ವಿಶೇಷಣಗಳ ಕಟ್ಟಿನಲ್ಲಿ ಮೊದಲು ಯುದ್ಧಗಳು: ಅಂದರಿ, ಆಲತ್ತೂರು, ಪೊರುಳರೆ, ಪೆರ್ನಗರ. ಆಮೇಲೆ ಮೂರು ಸಾಹಿತ್ಯದ ಮಾತುಗಳು. ಒಂದು ‘ಶಬ್ದಾವತಾರ’. ಇನ್ನೊಂದು ಕಿರಾತಾರ್ಜುನೀಯದ ‘ಪಂಚದಶ ಸರ್ಗ’ಕ್ಕೆ ಟೀಕೆ. ಈ ಎರಡರ ನಡುವೆ ಇದೆ ನಮ್ಮ ತಂಟೆಯ ಪದ.

ದಾರಿ ಎಂದು ಓದಿದಾಗ

ದುರ್ವಿನೀತನ ನಂತರದ ಗಂಗರ ಕೆಲವು ಪಟಗಳಲ್ಲಿ ಈ ಭಾಗ ‘ಶಬ್ದಾವತಾರಕಾರ ದೇವಭಾರತೀ ನಿಬದ್ಧ ಬೃಹತ್ಪಥ’ ಅನ್ನೋ ರೀತಿಯಲ್ಲಿ ಒಂದಕ್ಕೊಂದು ಅಂಟಿಕೊಂಡು ಬರುತ್ತೆ. ಬಿ.ಎಲ್. ರೈಸ್ ಅವರ ಮುಂದೆ ಇದ್ದದ್ದು ಇಂಥ ಪಾಠ. ಈಗ ನೀವೇ ಅರ್ಥ ಮಾಡಿ ನೋಡಿ. ‘ಬೃಹತ್ಪಥ’ ಅಂದ್ರೆ ದೊಡ್ಡ ದಾರಿ. ‘ನಿಬದ್ಧ’ ಅಂದ್ರೆ ಕಟ್ಟಿದ, ಗೊತ್ತುಮಾಡಿದ. ಯಾರು ಕಟ್ಟಿದ್ದು? ಶಬ್ದಾವತಾರವನ್ನು ಬರೆದ ‘ದೇವ’ನ ‘ಭಾರತಿ’, ಅಂದ್ರೆ ಅವನ ಮಾತು. ಒಟ್ಟಿನಲ್ಲಿ, ಶಬ್ದಾವತಾರ ಬರೆದ ಗುರುವಿನ ಮಾತು ತೋರಿದ ಹೆದ್ದಾರಿಯಲ್ಲಿ ನಡೆದವನು ದುರ್ವಿನೀತ!

ಹಾಗಾದರೆ ಈ ಗುರು ಯಾರು? ಅದಕ್ಕೂ ಉತ್ತರ ಸಿದ್ಧವಾಗಿತ್ತು. 16ನೆಯ ಶತಮಾನದ ಹುಂಚದ ಶಾಸನವೊಂದು, ಎಪಿಗ್ರಾಫಿಯಾ ಕರ್ನಾಟಿಕಾದಲ್ಲಿ ನಗರ ತಾಲೂಕಿನ 46ನೆಯದು, ಜೈನ ವೈಯಾಕರಣ ಪೂಜ್ಯಪಾದರು ಪಾಣಿನಿಗೆ ‘ಶಬ್ದಾವತಾರ’ ಅನ್ನೋ ನ್ಯಾಸ ಬರೆದರು ಅಂತ ಹೇಳುತ್ತೆ. ಪೂಜ್ಯಪಾದರ ಇನ್ನೊಂದು ಹೆಸರು ದೇವನಂದಿ. ‘ದೇವ’ ಕೂಡಿಬಂತು, ‘ಶಬ್ದಾವತಾರ’ ಕೂಡಿಬಂತು. ಹೀಗಾಗಿ ರೈಸ್ ಅವರು ತಮ್ಮ 1909ರ ‘ಮೈಸೂರ್ ಅಂಡ್ ಕೂರ್ಗ್ ಫ್ರಂ ದಿ ಇನ್‌ಸ್ಕ್ರಿಪ್ಷನ್ಸ್’ ಪುಸ್ತಕದಲ್ಲಿ ದುರ್ವಿನೀತನು ಶಬ್ದಾವತಾರದ ಕರ್ತೃವಾದ ತನ್ನ ಗುರು ಪೂಜ್ಯಪಾದರ ದಾರಿಯಲ್ಲಿ ನಡೆದ ಅಂತ ಬರೆದರು.

ಇದನ್ನ ಈಗ ನೋಡಿ ನಗೋದು ಸುಲಭ. ಆದರೆ ರೈಸ್ ಅವರ ಜಾಗದಲ್ಲಿ ನಿಂತು ಯೋಚಿಸಿ. ಕಣ್ಣೆದುರಿಗಿನ ಪಟದಲ್ಲಿ ‘ಪಥ’ ಅಂತ ಇದೆ. ವ್ಯಾಕರಣಕ್ಕೆ ಅದು ಹೊಂದುತ್ತೆ. ಬೇರೆ ಶಾಸನದ ಬೆಂಬಲವೂ ಇದೆ. ಸಾವಿರಾರು ಶಾಸನಗಳನ್ನ ಒಬ್ಬರೇ ಮುಂದೆ ನಿಂತು ಪ್ರಕಟಿಸಿದ ಮನುಷ್ಯ ಅವರು. ಇದ್ದದ್ದನ್ನ ಇದ್ದಹಾಗೆ ಓದಿದರು. ತಪ್ಪು ಇದ್ದದ್ದು ತಾಮ್ರದಲ್ಲಿ.

1912: ಗುಮ್ಮರೆಡ್ಡಿಪುರದ ಪಟ

ರೈಸ್ ಅವರು 1906ರಲ್ಲಿ ನಿವೃತ್ತರಾದ ಮೇಲೆ ಮೈಸೂರು ಪುರಾತತ್ವ ಇಲಾಖೆಯ ಹೊಣೆ ಆರ್. ನರಸಿಂಹಾಚಾರ್ಯರಿಗೆ ಬಂತು. ಇವರು ಶಾಸನತಜ್ಞರಷ್ಟೇ ಅಲ್ಲ, ‘ಕರ್ಣಾಟಕ ಕವಿಚರಿತೆ’ಯ ಕರ್ತೃ. ಹಳೆಯ ಗ್ರಂಥಗಳ ಹೆಸರುಗಳು ಅವರ ನಾಲಗೆಯ ತುದಿಯಲ್ಲೇ ಇದ್ದವು. ಇದು ಮುಖ್ಯ, ಯಾಕಂದ್ರೆ ಶಾಸನದಲ್ಲಿ ಪುಸ್ತಕದ ಹೆಸರೊಂದನ್ನ ಗುರುತಿಸಬೇಕಾದರೆ ಆ ಹೆಸರು ಮೊದಲೇ ತಲೆಯಲ್ಲಿ ಇರಬೇಕು.

ಕೋಲಾರ ಜಿಲ್ಲೆಯ ಶ್ರೀನಿವಾಸಪುರ ತಾಲೂಕಿನ ಗುಮ್ಮರೆಡ್ಡಿಪುರದಲ್ಲಿ ದೊರೆತ ತಾಮ್ರಪಟ ಅವರ ಕೈಗೆ ಬಂತು. ಇದು ನಂತರದ ಅರಸರದ್ದಲ್ಲ, ಸ್ವತಃ ದುರ್ವಿನೀತನದು, ಅವನ ಆಳ್ವಿಕೆಯ 40ನೆಯ ವರ್ಷದ್ದು. ಇದನ್ನ ಅವರು 1912ರ ಇಲಾಖೆಯ ವಾರ್ಷಿಕ ವರದಿಯಲ್ಲಿ ಚರ್ಚಿಸಿದರು. ಮರುವರ್ಷ ಲಂಡನ್ನಿನ ರಾಯಲ್ ಏಷ್ಯಾಟಿಕ್ ಸೊಸೈಟಿಯ ಪತ್ರಿಕೆಯಲ್ಲೂ ವಿಷಯ ಬಂತು.

ಈ ಪಟದಲ್ಲಿ ಅದೇ ಭಾಗ ಹೀಗಿದೆ: ‘ಶಬ್ದಾವತಾರಕಾರೇಣ ದೇವಭಾರತೀನಿಬದ್ಧವಡ್ಡಕಥೇನ’. ಆಮೇಲೆ ಕಿರಾತಾರ್ಜುನೀಯದ ಟೀಕೆಯ ಮಾತು, ಕೊನೆಗೆ ದುರ್ವಿನೀತನ ಹೆಸರು.

ಎರಡು ವ್ಯತ್ಯಾಸ ಗಮನಿಸಿ. ಒಂದು, ಇಲ್ಲಿ ವಿಶೇಷಣಗಳು ತೃತೀಯಾ ವಿಭಕ್ತಿಯಲ್ಲಿವೆ. ‘ಕಾರೇಣ’ ಅಂತ ವಿಭಕ್ತಿ ಪ್ರತ್ಯಯ ಬಂದ ಕೂಡಲೇ ಪದ ಅಲ್ಲಿಗೆ ಮುಗೀತು. ಅದು ಮುಂದಿನ ‘ದೇವಭಾರತೀ’ಗೆ ಅಂಟೋ ಹಾಗಿಲ್ಲ. ಅಂದ್ರೆ ‘ಶಬ್ದಾವತಾರಕಾರ’ ಅನ್ನೋದು ಬೇರೆ ಯಾವ ಗುರುವಿಗೂ ಸೇರಿದ್ದಲ್ಲ, ನೇರವಾಗಿ ದುರ್ವಿನೀತನ ವಿಶೇಷಣ. ಶಬ್ದಾವತಾರ ಬರೆದವನು ಅರಸನೇ. ಎರಡು, ‘ಬೃಹತ್ಪಥ’ದ ಜಾಗದಲ್ಲಿ ‘ವಡ್ಡಕಥ’. ದೇವಭಾರತಿ ಅಂದ್ರೆ ದೇವಭಾಷೆ, ಸಂಸ್ಕೃತ. ‘ಯಾರಿಂದ ವಡ್ಡಕಥೆಯು ದೇವಭಾಷೆಯಲ್ಲಿ ರಚಿತವಾಯಿತೋ ಅವನು’ ಅಂತ ಒಟ್ಟು ಅರ್ಥ.

ದಾರಿ ಮಾಯವಾಯಿತು, ಗುರು ಮಾಯವಾದರು, ಒಂದು ಪುಸ್ತಕ ಪ್ರತ್ಯಕ್ಷವಾಯಿತು.

‘ವಡ್ಡ’ ಅಂದ್ರೆ ಏನು?

ಕನ್ನಡ ಶಾಸನ ಓದೋರಿಗೆ ‘ವಡ್ಡ’ ಹೊಸದಲ್ಲ. ಪ್ರಾಕೃತದಲ್ಲಿ ಇದಕ್ಕೆ ದೊಡ್ಡದು ಅಂತ ಅರ್ಥ. ಹಿಂದಿಯ ‘ಬಡಾ’ ಇದೇ ಬಳಗದ್ದು. ನಮ್ಮ ಶಾಸನಗಳಲ್ಲಿ ದೊಡ್ಡ ವರ್ತಕನಿಗೆ ‘ವಡ್ಡಬ್ಯವಹಾರಿ’ ಅಂತಾರೆ. ಚಾಲುಕ್ಯ, ಹೊಯ್ಸಳ ಕಾಲದ ದತ್ತಿಶಾಸನಗಳಲ್ಲಿ ‘ಹೆಜ್ಜುಂಕ’ದ ಜೊತೆಜೊತೆಗೇ ‘ವಡ್ಡರಾವುಳ’ ಅನ್ನೋ ತೆರಿಗೆ ಬರುತ್ತೆ. ಹೆಜ್ಜುಂಕ ಅಂದ್ರೆ ಹಿರಿಯ ಸುಂಕ. ರಾವುಳ ಅನ್ನೋದು ರಾಜಕುಲದ ಪ್ರಾಕೃತ ರೂಪ ಅಂತ ವಿದ್ವಾಂಸರು ಹೇಳ್ತಾರೆ. ಒಂದೇ ಸಾಲಿನಲ್ಲಿ ಕನ್ನಡದ ‘ಹಿರಿದು’ ಮತ್ತು ಪ್ರಾಕೃತದ ‘ವಡ್ಡ’ ಪಕ್ಕಪಕ್ಕ ನಿಂತಿರೋದು ನೋಡೋಕೆ ಚೆಂದ. ವಾರದ ಹೆಸರಲ್ಲೂ ‘ವಡ್ಡವಾರ’ ಇದೆ. ಇನ್ನು ಸಾಹಿತ್ಯಕ್ಕೆ ಬಂದರೆ, ‘ವಡ್ಡಾರಾಧನೆ’ ಯಾರಿಗೆ ಗೊತ್ತಿಲ್ಲ? ಅಲ್ಲೂ ‘ವಡ್ಡ’ಕ್ಕೆ ದೊಡ್ಡದು, ಹಿರಿಯದು ಅನ್ನೋದೇ ಸಾಮಾನ್ಯವಾಗಿ ಕೊಡುವ ವಿವರಣೆ.

ಹಾಗಾದರೆ ‘ವಡ್ಡಕಥೆ’ ಅಂದ್ರೆ ದೊಡ್ಡ ಕಥೆ. ಸಂಸ್ಕೃತದಲ್ಲಿ ಹೇಳಿದರೆ ಬೃಹತ್ಕಥೆ. ಗುಣಾಢ್ಯನ ಬೃಹತ್ಕಥೆ!

ಇಲ್ಲಿ ಸ್ವಲ್ಪ ಉಸಿರು ಬಿಗಿಹಿಡೀಬೇಕು. ಭಾರತದ ಕಥಾಸಾಹಿತ್ಯದಲ್ಲಿ ಕಳೆದುಹೋದ ಗ್ರಂಥಗಳ ಪೈಕಿ ಬೃಹತ್ಕಥೆಯಷ್ಟು ದೊಡ್ಡ ನಷ್ಟ ಇನ್ನೊಂದಿಲ್ಲ. ಗುಣಾಢ್ಯ ಅದನ್ನ ಪೈಶಾಚೀ ಭಾಷೆಯಲ್ಲಿ ಬರೆದ ಅಂತ ಪರಂಪರೆ. ಅದರ ಹಿಂದಿನ ಐತಿಹ್ಯ ಹೀಗಿದೆ: ಸಾತವಾಹನ ಅರಸನಿಗೆ ವ್ಯಾಕರಣ ಬಾರದೆ ರಾಣಿಯ ಎದುರು ನಗೆಪಾಟಲಾಯಿತು. ಕಲಿಸೋಕೆ ಆರು ವರ್ಷ ಬೇಕು ಅಂದ ಗುಣಾಢ್ಯ. ಆರೇ ತಿಂಗಳಲ್ಲಿ ಕಲಿಸ್ತೀನಿ ಅಂದ ಶರ್ವವರ್ಮ. ಹಾಗೆ ಕಲಿಸಿದರೆ ಸಂಸ್ಕೃತ, ಪ್ರಾಕೃತ, ದೇಶಭಾಷೆ ಮೂರನ್ನೂ ಬಿಡ್ತೀನಿ ಅಂತ ಗುಣಾಢ್ಯ ಪಂಥ ಕಟ್ಟಿ ಸೋತ. ಉಳಿದದ್ದು ಪಿಶಾಚಿಗಳ ಭಾಷೆ. ಅದರಲ್ಲಿ ಏಳು ಲಕ್ಷ ಗ್ರಂಥದಷ್ಟು ಕಥೆಯನ್ನ ತನ್ನ ರಕ್ತದಲ್ಲೇ ಬರೆದ. ಅರಸ ತಿರಸ್ಕರಿಸಿದ. ಕಾಡಿನ ಪ್ರಾಣಿಗಳಿಗೆ ಓದಿ ಹೇಳ್ತಾ ಒಂದೊಂದೇ ಹಾಳೆ ಬೆಂಕಿಗೆ ಹಾಕಿದ. ಅರಸ ಓಡಿ ಬರೋ ಹೊತ್ತಿಗೆ ಉಳಿದದ್ದು ಒಂದು ಲಕ್ಷ.

ಆ ಒಂದು ಲಕ್ಷವೂ ನಮಗೆ ಉಳಿಯಲಿಲ್ಲ. ನಮ್ಮ ಹತ್ತಿರ ಇರೋದು ಅದರ ಮಕ್ಕಳು ಮೊಮ್ಮಕ್ಕಳು. ಕಾಶ್ಮೀರದಲ್ಲಿ 11ನೆಯ ಶತಮಾನದಲ್ಲಿ ಕ್ಷೇಮೇಂದ್ರನ ಬೃಹತ್ಕಥಾಮಂಜರಿ, ಆಮೇಲೆ ಸೋಮದೇವನ ಕಥಾಸರಿತ್ಸಾಗರ. ನೇಪಾಳದಲ್ಲಿ ಸಿಕ್ಕ ಬುಧಸ್ವಾಮಿಯ ಬೃಹತ್ಕಥಾಶ್ಲೋಕಸಂಗ್ರಹ. ಅದು 28 ಸರ್ಗಕ್ಕೆ ನಿಂತುಹೋಗಿದೆ. ಜೈನ ಪ್ರಾಕೃತದ ವಸುದೇವಹಿಂಡಿಯ ಒಡಲಲ್ಲಿ ಇದೇ ಕಥೆ ವೇಷ ಬದಲಿಸಿ ಕೂತಿದೆ ಅಂತ ಜರ್ಮನ್ ವಿದ್ವಾಂಸ ಲುಡ್ವಿಗ್ ಆಲ್ಸ್‌ಡೋರ್ಫ್ 1930ರ ದಶಕದಲ್ಲಿ ತೋರಿಸಿದರು. ತಮಿಳಿನಲ್ಲಿ ಕೊಂಗುವೇಳಿರ್ ಬರೆದ ಪೆರುಂಗದೈ. ಅದರ ಮೊದಲೂ ಕೊನೆಯೂ ಇಲ್ಲ. ‘ಪೆರುಂ ಕದೈ’ ಅಂದ್ರೂ ದೊಡ್ಡ ಕಥೆ ಅಂತಲೇ ಅರ್ಥ, ನೋಡಿ. ಪ್ರತಿ ಭಾಷೆಯೂ ಆ ಹೆಸರನ್ನ ತನ್ನ ಮಾತಿಗೆ ತಿರುಗಿಸಿಕೊಂಡಿದೆ.

ಈ ಪಟ್ಟಿಗೆ ಗುಮ್ಮರೆಡ್ಡಿಪುರದ ಪಟ ಇನ್ನೊಂದು ಹೆಸರು ಸೇರಿಸಿತು. ಸೋಮದೇವನಿಗಿಂತ ಸುಮಾರು 500 ವರ್ಷ ಮೊದಲು, ಕೋಲಾರ, ತಲಕಾಡಿನ ಸೀಮೆಯಲ್ಲಿ, ಒಬ್ಬ ಅರಸ ಅದನ್ನ ಸಂಸ್ಕೃತಕ್ಕೆ ತಂದಿದ್ದ. ಐತಿಹ್ಯದ ಜೊತೆ ಇಟ್ಟು ನೋಡಿದರೆ ಒಂದು ವಿಚಿತ್ರ ಕಾಣುತ್ತೆ: ವ್ಯಾಕರಣದ ಪಂಥದಲ್ಲಿ ಸೋತು ಗುಣಾಢ್ಯ ಬಿಟ್ಟ ಸಂಸ್ಕೃತಕ್ಕೆ ಆ ಕಥೆಯನ್ನ ವಾಪಸ್ಸು ತಂದವನು ‘ಶಬ್ದಾವತಾರ’ ಬರೆದ ವೈಯಾಕರಣ ಅರಸ.

ಕಥೆ ಪಥವಾದದ್ದು ಹೇಗೆ?

ಇದು ನನಗೆ ತುಂಬ ಹಿಡಿಸುವ ಭಾಗ. ನನ್ನ ಕಸುಬು ಇಂಜಿನಿಯರಿಂಗ್, ಅಲ್ಲಿ ದೋಷ ಎಲ್ಲಿ ಸೇರಿತು ಅಂತ ಹಿಂದಕ್ಕೆ ಹೋಗಿ ಹುಡುಕೋದೇ ಅರ್ಧ ಕೆಲಸ. ಇಲ್ಲಿ ಕನಿಷ್ಠ ಎರಡು ಹೆಜ್ಜೆ ಇರಬೇಕು ಅನ್ನೋದು ನನ್ನ ಅನುಮಾನ.

ಮೊದಲ ಹೆಜ್ಜೆ: ವಡ್ಡ ಹೋಗಿ ಬೃಹತ್ ಬಂದದ್ದು. ಇದು ಕೈತಪ್ಪು ಆಗೋಕೆ ಸಾಧ್ಯ ಇಲ್ಲ. ಎರಡು ಪದಕ್ಕೆ ಒಂದಕ್ಷರದ ಹೋಲಿಕೆಯೂ ಇಲ್ಲ. ಸಂಸ್ಕೃತ ಪ್ರಶಸ್ತಿಯ ಮಧ್ಯೆ ಒಂದು ಪ್ರಾಕೃತ ಪದ ಕಣ್ಣಿಗೆ ಚುಚ್ಚಿದಾಗ, ಬಲ್ಲ ಪಂಡಿತನೊಬ್ಬ ಅದನ್ನ ‘ಶುದ್ಧ’ ಮಾಡಿದ್ದಾನೆ. ಅಂದ್ರೆ ಆ ಹಂತದಲ್ಲಿ ವಡ್ಡ ಅಂದ್ರೆ ಬೃಹತ್ ಅನ್ನೋದು ಗೊತ್ತಿದ್ದವನು ಅವನು. ಹಳೆಯ ಪ್ರತಿಗಳನ್ನ ಹೋಲಿಸುವವರು ಒಂದು ಸೂತ್ರ ಇಟ್ಟುಕೊಂಡಿರ್ತಾರೆ: ಎರಡು ಪಾಠಗಳಲ್ಲಿ ಕಷ್ಟದ್ದು, ವಿಚಿತ್ರವಾದದ್ದು ಸಾಮಾನ್ಯವಾಗಿ ಮೂಲ. ಯಾಕಂದ್ರೆ ಕಷ್ಟದ್ದನ್ನ ಸುಲಭ ಮಾಡೋರು ಇರ್ತಾರೆ; ಸುಲಭವಾದದ್ದನ್ನ ಬೇಕಂತ ಕಷ್ಟ ಮಾಡೋರು ಕಡಿಮೆ. ಇಲ್ಲಿ ಕಷ್ಟದ್ದು ‘ವಡ್ಡಕಥ’. ಅದೇ ದುರ್ವಿನೀತನ ಸ್ವಂತ ಪಟದಲ್ಲಿ ಸಿಕ್ಕಿದೆ.

ಎರಡನೆಯ ಹೆಜ್ಜೆ: ಬೃಹತ್ಕಥ ಹೋಗಿ ಬೃಹತ್ಪಥ ಆದದ್ದು. ಇದಕ್ಕೆ ದಾರಿ ಮಾಡಿಕೊಟ್ಟದ್ದು ಸಮಾಸದ ವ್ಯಾಕರಣ. ‘ಕಥಾ’ ಸ್ತ್ರೀಲಿಂಗ, ಕೊನೆಗೆ ದೀರ್ಘ. ಆದರೆ ಬಹುವ್ರೀಹಿ ಸಮಾಸದ ಕೊನೆಯಲ್ಲಿ ಬಂದು ಪುರುಷನೊಬ್ಬನ ವಿಶೇಷಣ ಆದಾಗ ಆ ದೀರ್ಘ ಹ್ರಸ್ವವಾಗುತ್ತೆ. ನಮಗೆ ದಿನನಿತ್ಯ ಗೊತ್ತಿರೋ ಉದಾಹರಣೆ ‘ಸತ್ಯಸಂಧ’. ಮೂಲ ಪದ ‘ಸಂಧಾ’, ಪ್ರತಿಜ್ಞೆ ಅಂತ ಅರ್ಥ. ಸತ್ಯವಾದ ಸಂಧಾ ಉಳ್ಳವನು ಸತ್ಯಸಂಧ. ಹಾಗೇ ‘ಕಥಾ’ ಇಲ್ಲಿ ‘ಕಥ’ ಆಯಿತು, ತೃತೀಯಾ ವಿಭಕ್ತಿಯಲ್ಲಿ ‘ಕಥೇನ’. ಈಗ ಪುಸ್ತಕದ ಹೆಸರು ಮುಖ ಮುಚ್ಚಿಕೊಂಡ ಹಾಗಾಯಿತು. ‘ಕಥೇನ’ ಅಂತ ನೋಡಿದವನಿಗೆ ತಕ್ಷಣ ಕಥೆ ಹೊಳೆಯೋದಿಲ್ಲ. ಅದೇ ‘ಪಥ’ ನೋಡಿ: ‘ಪಥಿನ್’ ಶಬ್ದ ಸಮಾಸದ ಕೊನೆಗೆ ಬಂದಾಗ ‘ಪಥ’ ಆಗೋದು ಪಾಣಿನಿಯ ನಿಯಮವೇ. ರಾಜಪಥ, ದೇವಪಥ ಇದ್ದ ಹಾಗೆ ಬೃಹತ್ಪಥ. ಕಿವಿಗೆ ಹಿತ, ವ್ಯಾಕರಣಕ್ಕೆ ಸರಿ. ಪ್ರಶಸ್ತಿಯಲ್ಲಿ ಅರಸನಿಗೆ ದೊಡ್ಡ ದಾರಿ ಇರೋದೂ ಸಹಜವೇ.

ಇದಕ್ಕೆ ಲಿಪಿಯನ್ನೂ ಸೇರಿಸಿ. ‘ತ್ಕ’, ‘ತ್ಪ’ ಎರಡೂ ಒತ್ತಕ್ಷರ. ತಾಮ್ರದ ಮೇಲೆ ಒತ್ತು ಅಂದ್ರೆ ಸಾಲಿನ ಕೆಳಗೆ ಇಕ್ಕಟ್ಟಿನಲ್ಲಿ ಕೊರೆದ ಸಣ್ಣ ಗುರುತು. ಬಿಡಿಯಾಗಿ ಬರೆದಾಗ ‘ಕ’ ‘ಪ’ಗಳನ್ನ ಗುರುತಿಸೋದು ಕಷ್ಟ ಅಲ್ಲ. ಸವೆದ ಪಟದಲ್ಲೋ ಆತುರದ ಕರಡಿನಲ್ಲೋ ಒತ್ತಾಗಿ ಬಂದಾಗ ಅಷ್ಟು ಭರವಸೆ ಇಟ್ಟುಕೊಳ್ಳೋ ಹಾಗಿಲ್ಲ. ‘ವಡ್ಡಕಥ’ ಹಾಗೇ ಉಳಿದಿದ್ದರೆ ‘ಕ’ ಪೂರ್ಣಾಕ್ಷರವಾಗಿ ಇರುತ್ತಿತ್ತು, ಬಚಾವಾಗುತ್ತಿತ್ತು. ಅದನ್ನ ಸಂಸ್ಕೃತಕ್ಕೆ ತಿದ್ದಿದವನೇ ತಿಳಿಯದೆ ‘ಕ’ವನ್ನ ಒತ್ತಿನ ಇಕ್ಕಟ್ಟಿಗೆ ತಳ್ಳಿದ. ಅಂದಗಾಣಿಸಲು ಹೋಗಿ ಆಪತ್ತು ತಂದ ಹಾಗೆ.

ಒಮ್ಮೆ ‘ಪಥ’ ಆದಮೇಲೆ ಅದು ಅಚ್ಚಿನಲ್ಲೇ ಕೂತಿತು. ಮುಂದಿನ ಕರಣಿಕರಿಗೆ ದುರ್ವಿನೀತ ಎಂದೋ ತೀರಿಹೋದ ಅರಸ. ಅವನ ಪುಸ್ತಕ ನೋಡಿದವರು ಯಾರು ಉಳಿದಿದ್ದರು? ಇಲ್ಲೊಂದು ದುಃಖದ ಸೂಚನೆ ಇದೆ. ಗಂಗರ ಆಸ್ಥಾನದಲ್ಲೇ ‘ಬೃಹತ್ಪಥ’ ಯಾರ ಗಮನಕ್ಕೂ ಬಾರದೆ ಸಾಗಿತು ಅಂದ್ರೆ, ಆ ಹೊತ್ತಿಗಾಗಲೇ ಆ ಗ್ರಂಥ ಜನರ ನೆನಪಿನಿಂದ ಜಾರುತ್ತಿತ್ತು ಅಂತ ಊಹಿಸಬೇಕಾಗುತ್ತೆ. ಬಳಕೆಯಲ್ಲಿದ್ದ ಪುಸ್ತಕದ ಹೆಸರನ್ನ ಅಷ್ಟು ಸುಲಭವಾಗಿ ರಸ್ತೆ ಮಾಡೋಕಾಗಲ್ಲ.

ಅನುಮಾನಗಳ ಪಟ್ಟಿ

ಇಲ್ಲಿಗೆ ನಿಲ್ಲಿಸಿ ಚಪ್ಪಾಳೆ ತಟ್ಟಿದರೆ ಅರ್ಧ ಕೆಲಸ ಆದ ಹಾಗೆ. ವಿರುದ್ಧ ನಿಲ್ಲುವ ಪ್ರಶ್ನೆಗಳನ್ನೂ ಎದುರಿಸಬೇಕು.

ಮೊದಲನೆಯದು, ಪಟ ನಿಜವಾದದ್ದೇ? ಜೆ.ಎಫ್. ಫ್ಲೀಟ್ ಅವರು ಗಂಗರ ಹಳೆಯ ತಾಮ್ರಪಟಗಳಲ್ಲಿ ಬಹಳಷ್ಟನ್ನ ಕೂಟ ಶಾಸನಗಳು ಅಂತ ತಳ್ಳಿಹಾಕಿದ್ದರು. ಈ ವಿಷಯದಲ್ಲಿ ಅವರಿಗೂ ರೈಸ್ ಅವರಿಗೂ ವರ್ಷಗಟ್ಟಲೆ ವಾದ ನಡೆಯಿತು. ಕೆಲವು ಪಟಗಳ ಮಟ್ಟಿಗೆ ಫ್ಲೀಟ್ ಹೇಳಿದ್ದು ಸರಿ ಅಂತ ಇವತ್ತಿಗೂ ಒಪ್ಪುತ್ತಾರೆ. ಆದರೆ ನಮ್ಮ ಪದಕ್ಕೆ ಬಂದಾಗ ಒಂದು ಮಾತು ಹೇಳಬಹುದು. ಕೂಟ ಶಾಸನ ಮಾಡೋನು ಭೂಮಿಗಾಗಿ ಮಾಡ್ತಾನೆ. ಊರಿನ ಹೆಸರು, ಗಡಿ, ದಾನದ ವಿವರ ತಿರುಚೋದರಲ್ಲಿ ಅವನಿಗೆ ಲಾಭ. ಅರಸ ಯಾವ ಕಥೆಪುಸ್ತಕ ಬರೆದ ಅನ್ನೋದನ್ನ ಕಲ್ಪಿಸಿದರೆ ಒಂದು ಗೇಣು ಗದ್ದೆಯೂ ಹೆಚ್ಚು ಸಿಗಲ್ಲ. ಅದರಲ್ಲೂ ಸಂಸ್ಕೃತದ ನಡುವೆ ‘ವಡ್ಡಕಥ’ದಂಥ ಪ್ರಾಕೃತ ಹೆಸರನ್ನ ಸೃಷ್ಟಿಸುವ ಅಗತ್ಯ ಯಾರಿಗೂ ಇಲ್ಲ.

ಎರಡನೆಯದು, ಅರಸ ನಿಜವಾಗಿ ತಾನೇ ಬರೆದನೇ? ಆಸ್ಥಾನದ ಪಂಡಿತರು ಬರೆದು ಅರಸನ ಹೆಸರಿಟ್ಟಿರಬಹುದು. ಹಾಗಿದ್ದರೂ ಕೃತಿ ಇತ್ತು ಅನ್ನೋದಕ್ಕೆ ಧಕ್ಕೆ ಇಲ್ಲ. ದುರ್ವಿನೀತ ಬರಹಗಾರ ಅನ್ನೋದಕ್ಕೆ ಹೊರಗಿನ ಸಾಕ್ಷಿಯೂ ಇದೆ. 9ನೆಯ ಶತಮಾನದ ಕವಿರಾಜಮಾರ್ಗವು ಕನ್ನಡದ ಗದ್ಯ ಬರಹಗಾರರ ಪಟ್ಟಿಯಲ್ಲಿ ವಿಮಳ, ಉದಯ, ನಾಗಾರ್ಜುನ, ಜಯಬಂಧುಗಳ ಜೊತೆ ದುರ್ವಿನೀತನನ್ನ ಹೆಸರಿಸುತ್ತೆ. ಇವನು ಗಂಗ ದುರ್ವಿನೀತನೇ ಅನ್ನೋದು ಬಹುಜನ ವಿದ್ವಾಂಸರ ಅಭಿಪ್ರಾಯ. ಆದರೆ ಇದರಿಂದ ವಡ್ಡಕಥೆ ಕನ್ನಡದಲ್ಲಿತ್ತು ಅಂತ ಎಳೆದು ತರಬಾರದು. ಶಾಸನದ ಮಾತು ದೇವಭಾರತಿ. ಕನ್ನಡದಲ್ಲಿ ಅವನು ಬರೆದದ್ದು ಏನೇ ಇದ್ದರೂ ಅದು ಬೇರೆಯ ಲೆಕ್ಕ, ಅದೂ ನಷ್ಟದ ಖಾತೆಯಲ್ಲೇ ಇದೆ.

ಮೂರನೆಯದು, ಕಿರಾತಾರ್ಜುನೀಯದ ಮಾತು. ‘ಪಂಚದಶ ಸರ್ಗ’ ಅಂದ್ರೆ 15 ಸರ್ಗಗಳೂ ಆಗಬಹುದು, 15ನೆಯ ಸರ್ಗವೂ ಆಗಬಹುದು. ಭಾರವಿಯ ಕಾವ್ಯದಲ್ಲಿ ಇರೋದು 18 ಸರ್ಗ. ಅದರಲ್ಲಿ 15ನೆಯದು ಚಿತ್ರಕಾವ್ಯದ ಸರ್ಗ. ಒಂದೇ ವ್ಯಂಜನದ ಶ್ಲೋಕ, ಹಿಂದುಮುಂದು ಒಂದೇ ಥರ ಓದುವ ಶ್ಲೋಕ ಎಲ್ಲ ಅಲ್ಲಿವೆ. ಟೀಕೆ ಬೇಕೇ ಬೇಕು ಅನ್ನೋ ಸರ್ಗ ಯಾವುದಾದರೂ ಇದ್ದರೆ ಅದೇ. ಹಾಗಾಗಿ 15ನೆಯ ಸರ್ಗ ಅನ್ನೋ ಅರ್ಥವೇ ನನಗೆ ಒಪ್ಪಿಗೆ. ಕ್ರಿ.ಶ. 634ರ ಐಹೊಳೆ ಶಾಸನದಲ್ಲಿ ರವಿಕೀರ್ತಿ ಭಾರವಿಯನ್ನ ಕಾಳಿದಾಸನ ಜೊತೆ ನೆನೆಯುತ್ತಾನೆ. ಅದಕ್ಕೂ ಮೊದಲೇ ಭಾರವಿಗೆ ಈ ನಾಡಿನಲ್ಲಿ ಟೀಕೆ ಹುಟ್ಟಿತ್ತು ಅನ್ನೋದು ಹೊಂದಿಕೊಳ್ಳುವ ಮಾತು.

ಜಾಡು ಎಲ್ಲಾದರೂ ಉಳಿದಿದೆಯೇ?

ದುರ್ವಿನೀತನ ವಡ್ಡಕಥೆಯ ಒಂದು ಶ್ಲೋಕವೂ ನಮ್ಮ ಹತ್ತಿರ ಇಲ್ಲ. ಆದರೆ ಅಕ್ಕಪಕ್ಕದ ಎರಡು ಜಾಡು ಹೇಳದೆ ಇರೋಕಾಗಲ್ಲ.

ಒಂದು ತಮಿಳಿನ ಪೆರುಂಗದೈ. ಉದಯನನ ಕಥೆ ಹೇಳುವ ಈ ಕಾವ್ಯವನ್ನ ಉ.ವೇ. ಸ್ವಾಮಿನಾಥ ಅಯ್ಯರ್ 1924ರಲ್ಲಿ ಪ್ರಕಟಿಸಿದರು. ಕವಿ ಕೊಂಗುವೇಳಿರ್, ಹೆಸರೇ ಹೇಳುವಂತೆ ಕೊಂಗುನಾಡಿನವನು. ಕೊಂಗುನಾಡು ಗಂಗವಾಡಿಯ ಪಕ್ಕದ್ದು. ಗಂಗರ ಪ್ರಭಾವ ಅಲ್ಲಿ ಇತ್ತು. ಹಾಗಾಗಿ ಪೆರುಂಗದೈಗೆ ಆಧಾರ ಗುಣಾಢ್ಯನ ಮೂಲ ಅಲ್ಲ, ದುರ್ವಿನೀತನ ಸಂಸ್ಕೃತ ರೂಪ ಇರಬಹುದು ಅಂತ ಕೆಲವು ವಿದ್ವಾಂಸರು ವಾದಿಸಿದ್ದಾರೆ. ಇದಕ್ಕೆ ನೇರ ಸಾಕ್ಷಿ ಇಲ್ಲ. ಭೂಗೋಳ ಒಪ್ಪುತ್ತೆ, ಕಾಲವೂ ಅಡ್ಡ ಬರಲ್ಲ, ಅಷ್ಟೇ. ನಿಜವಾಗಿದ್ದರೆ, ನಮ್ಮ ಅರಸನ ಕಥೆ ಗಡಿಯಾಚೆಯ ತಮಿಳಿನಲ್ಲಿ ಉಸಿರಾಡ್ತಿದೆ ಅಂತಾಯಿತು.

ಇನ್ನೊಂದು ನಮ್ಮದೇ ದುರ್ಗಸಿಂಹ. ಚಾಲುಕ್ಯ ಜಗದೇಕಮಲ್ಲನ ಕಾಲದಲ್ಲಿ, 11ನೆಯ ಶತಮಾನದಲ್ಲಿ, ಕನ್ನಡ ಪಂಚತಂತ್ರ ಬರೆದ ಈತ ತನ್ನ ಕಥೆಯ ಬೇರು ಎಲ್ಲಿದೆ ಅಂತ ಹೇಳ್ತಾನೆ: ಗುಣಾಢ್ಯ ಪೈಶಾಚಿಕದಲ್ಲಿ ಹೇಳಿದ ಬೃಹತ್ಕಥೆಯಿಂದ ವಸುಭಾಗಭಟ್ಟ ಐದು ಕಥೆ ಆರಿಸಿ ಸಂಸ್ಕೃತದಲ್ಲಿ ಪಂಚತಂತ್ರ ಮಾಡಿದ, ಅದನ್ನ ತಾನು ಕನ್ನಡಿಸಿದೆ ಅಂತ. ಅವನು ದುರ್ವಿನೀತನ ಕೃತಿಯ ಆಸರೆ ಹೇಳೋದಿಲ್ಲ. ಆದರೆ ಗುಣಾಢ್ಯನ ನೆನಪು ಕನ್ನಡ ನಾಡಿನಲ್ಲಿ ಜೀವಂತವಾಗಿತ್ತು ಅನ್ನೋದಕ್ಕೆ ಇದು ಗಟ್ಟಿ ಸಾಕ್ಷಿ. ಆ ನೆನಪು ಕಡಲಾಚೆಗೂ ಹೋಗಿತ್ತು. 9ನೆಯ ಶತಮಾನದ ಕಾಂಬೋಡಿಯದ ಸಂಸ್ಕೃತ ಶಾಸನದಲ್ಲಿ ಗುಣಾಢ್ಯನ ಹೆಸರಿದೆ.

ಒಂದು ಅಕ್ಷರದ ಬೆಲೆ

ನರಸಿಂಹಾಚಾರ್ಯರು ತಿದ್ದಿ ನೂರು ವರ್ಷದ ಮೇಲಾಯಿತು. ಆದರೂ ‘ದುರ್ವಿನೀತ ಪೂಜ್ಯಪಾದರ ಶಿಷ್ಯ’ ಅನ್ನೋ ವಾಕ್ಯ ಪರೀಕ್ಷೆಯ ಗೈಡುಗಳಲ್ಲಿ, ಊರಿನ ಸ್ಥಳಪುರಾಣಗಳಲ್ಲಿ, ಅಂತರ್ಜಾಲದಲ್ಲಿ ಇವತ್ತಿಗೂ ಓಡಾಡ್ತಿದೆ. ಕೆಲವರಂತೂ ದುರ್ವಿನೀತನ ಕಾಲದಿಂದ ಪೂಜ್ಯಪಾದರ ಕಾಲ, ಪೂಜ್ಯಪಾದರ ಕಾಲದಿಂದ ದುರ್ವಿನೀತನ ಕಾಲ ಲೆಕ್ಕ ಹಾಕ್ತಾರೆ. ಎರಡು ಕಂಬ ಒಂದಕ್ಕೊಂದು ಒರಗಿ ನಿಂತ ಹಾಗೆ. ಪೂಜ್ಯಪಾದರ ಕಾಲಕ್ಕೆ ಬೇರೆ ಆಧಾರ ಇದೆ: ಅವರ ಶಿಷ್ಯ ವಜ್ರನಂದಿ ವಿಕ್ರಮ 526ರಲ್ಲಿ, ಅಂದ್ರೆ ಕ್ರಿ.ಶ. 469–70ರ ಸುಮಾರಿಗೆ, ಮಧುರೆಯಲ್ಲಿ ದ್ರಾವಿಡ ಸಂಘ ಕಟ್ಟಿದ ಅಂತ ದೇವಸೇನನ ದರ್ಶನಸಾರ ಹೇಳುತ್ತೆ. ಆ ಮಹಾವೈಯಾಕರಣರ ದೊಡ್ಡತನಕ್ಕೆ ‘ಬೃಹತ್ಪಥ’ದ ಆಸರೆ ಬೇಕಾಗಿಲ್ಲ. ಅವರು ಗಂಗರ ನಾಡಿನಲ್ಲಿ ಓಡಾಡಿರಬಹುದು, ಅರಸರು ಅವರನ್ನ ಗೌರವಿಸಿರಬಹುದು. ಆದರೆ ಅದಕ್ಕೆ ಸಾಕ್ಷಿಯಾಗಿ ಈ ಪದವನ್ನ ಇನ್ನು ಕರೆಯಬಾರದು.

ತಿದ್ದುಪಡಿ ಯಾಕೆ ಹಬ್ಬಲಿಲ್ಲ? ತಪ್ಪು ಪಾಠದಲ್ಲಿ ಒಂದು ಕಥೆ ಇತ್ತು: ಗುರು, ಶಿಷ್ಯ, ಸನ್ಮಾರ್ಗ. ಸರಿಯಾದ ಪಾಠದಲ್ಲಿ ಇರೋದು ಒಂದು ಶೂನ್ಯ, ಕಳೆದುಹೋದ ಪುಸ್ತಕದ ಹೆಸರು. ಜನ ತುಂಬಿದ ಪಾತ್ರೆಯನ್ನ ಇಟ್ಟುಕೊಳ್ತಾರೆ, ಖಾಲಿ ಪಾತ್ರೆಯನ್ನ ಬಿಡ್ತಾರೆ. ನಮ್ಮಂಥ ಹವ್ಯಾಸಿಗಳು ಆ ಖಾಲಿ ಪಾತ್ರೆಯನ್ನೇ ಜೋಪಾನ ಮಾಡಬೇಕು ಅಂತ ನನಗನ್ನಿಸುತ್ತೆ. ಯಾಕಂದ್ರೆ ಮುಂದೊಂದು ದಿನ ಯಾವುದೋ ಮಠದ ಕಟ್ಟಿನಲ್ಲಿ ತಲೆಬುಡ ಇಲ್ಲದ ಸಂಸ್ಕೃತ ಕಥೆಯೊಂದು, ಉದಯನನ ಮಗ ನರವಾಹನದತ್ತನ ಹೆಸರಿರೋದು, ಕೈಗೆ ಸಿಕ್ಕರೆ, ಅದು ಯಾರದ್ದಿರಬಹುದು ಅಂತ ಕೇಳೋಕಾದರೂ ನಮಗೆ ಈ ಹೆಸರು ಗೊತ್ತಿರಬೇಕು. ಗುಮ್ಮರೆಡ್ಡಿಪುರದ ಪಟ ಬರುವ ಮುಂಚೆ ಹಾಗೆ ಕೇಳೋ ಸಾಧ್ಯತೆಯೇ ಇರಲಿಲ್ಲ.

ಹಾಗಾಗಿ ನೀವು ಗಂಗರ ಪಟ ಓದುವಾಗ ಎರಡು ಕೆಲಸ ಮಾಡಿ. ಒಂದು, ವಂಶಾವಳಿಯ ಭಾಗ ಬಂದ ಕೂಡಲೇ ‘ಇದು ಎಲ್ಲದರಲ್ಲೂ ಇರೋದೇ’ ಅಂತ ಹಾರಿಸಿಬಿಡಬೇಡಿ. ಎಲ್ಲದರಲ್ಲೂ ಇರೋದರಿಂದಲೇ ಅದನ್ನ ಪಟದಿಂದ ಪಟಕ್ಕೆ ಹೋಲಿಸಬಹುದು. ಎಲ್ಲಿ ಅಕ್ಷರ ಜಾರಿದೆ ಅಂತ ಹಿಡಿಯಬಹುದು. ಇನ್ನೊಂದು, ಅಚ್ಚಾದ ಪಾಠದಲ್ಲಿ ಸಂಪಾದಕರು ಸೂಚಿಸಿದ ತಿದ್ದುಪಡಿಗೂ, ಪಟದಲ್ಲಿ ನಿಜವಾಗಿ ಇರೋ ಅಕ್ಷರಕ್ಕೂ ವ್ಯತ್ಯಾಸ ನೋಡಿ. ಪಡಿಯಚ್ಚಿನ ಚಿತ್ರ ಇದ್ದರೆ ಅದನ್ನ ದೊಡ್ಡದು ಮಾಡಿ ನೋಡಿ. ವಿಚಿತ್ರ ಅನ್ನಿಸುವ ಪದ ಕಂಡರೆ ಕೂಡಲೇ ಸಂಸ್ಕೃತಕ್ಕೆ ‘ಸರಿ’ ಮಾಡೋಕೆ ಹೋಗಬೇಡಿ. ಆ ಕೆಲಸವನ್ನ ಒಬ್ಬ ಪಂಡಿತ ಸಾವಿರಕ್ಕೂ ಹೆಚ್ಚು ವರ್ಷದ ಹಿಂದೆ ಮಾಡಿದ್ದಾನೆ, ಅದರ ಬೆಲೆ ಏನಾಯಿತು ಅಂತ ನೋಡಿದಿರಲ್ಲ.

ನಿಮ್ಮ ಓದಿನಲ್ಲಿ ದುರ್ವಿನೀತನ ವಿಶೇಷಣಗಳಿಗೆ ಇನ್ನೂ ಬೇರೆ ಪಾಠಭೇದ ಕಂಡಿದ್ದರೆ, ಪಟದ ಹೆಸರು ಮತ್ತು ಸಾಲಿನ ಸಂಖ್ಯೆಯ ಜೊತೆ ದಯವಿಟ್ಟು ತಿಳಿಸಿ. ಎಲ್ಲವನ್ನೂ ಒಂದು ಕೋಷ್ಟಕಕ್ಕೆ ಹಾಕಿದರೆ, ‘ಕಥ’ ಯಾವ ಅರಸನ ಕಾಲದಲ್ಲಿ, ಯಾವ ಕರಡಿನಲ್ಲಿ ‘ಪಥ’ ಆಯಿತು ಅನ್ನೋದನ್ನ ಇನ್ನಷ್ಟು ಹತ್ತಿರದಿಂದ ಹಿಡಿಯಬಹುದು.